ಕೆಂಪು ನೂಲಿನ ಬೀಗದಕೈ

ನಮ್ಮ ಬೀದಿಯ ನಡುವೆ ಒಂದು ತೋಟವಿದೆ. ಸುತ್ತಲೂ ಆಳೆತ್ತರದ ಕಬ್ಬಿಣದ ಬೇಲಿ, ಒಂದೇ ಒಂದು ಗೇಟು, ಒಳಗೆ ಎಂಟು ಬೆಂಚು, ಯಾರೂ ತುಳಿಯದ ಹುಲ್ಲು. ನಾಲ್ಕೂ ಕಡೆಯಿಂದ ಇಪ್ಪತ್ತೆರಡು ಮನೆಗಳು ಅದರತ್ತ ಮುಖ ಮಾಡಿ ನಿಂತಿವೆ, ಮಗುವಿನ ತೊಟ್ಟಿಲ ಸುತ್ತ ನೆಂಟರು ನಿಂತ ಹಾಗೆ. ಗೇಟು ತಾನಾಗಿಯೇ ಮುಚ್ಚಿ ಬೀಗ ಹಾಕಿಕೊಳ್ಳುತ್ತದೆ. ಒಳಗೆ ಹೋಗಲೂ ಬೀಗದಕೈ ಬೇಕು, ಹೊರಗೆ ಬರಲೂ ಬೇಕು. ಮನೆಗೆ ಎರಡೇ ಎರಡು. ಹಿತ್ತಾಳೆಯವು, ಬೆರಳುದ್ದದವು, ತಲೆಯ ಮೇಲೆ ಮನೆಯ ಸಂಖ್ಯೆ ಕೊರೆದಿರುತ್ತದೆ. ನಮ್ಮದು ಹದಿನಾಲ್ಕು.

ಈ ಇಪ್ಪತ್ತೆರಡು ಮನೆಗಳಲ್ಲಿ ಕಪ್ಪು ಮೈಬಣ್ಣದವರು ನಾವೊಬ್ಬರೇ. ಅಮ್ಮ ಈ ಮನೆ ಕೊಂಡು ಆರು ವರ್ಷವಾಯಿತು. ಆರು ವರ್ಷದಲ್ಲಿ ನಮಗೆ ಯಾರೂ ಬೈದಿಲ್ಲ, ಕಲ್ಲು ಎಸೆದಿಲ್ಲ, ಬಾಗಿಲು ಮುಖಕ್ಕೆ ಬಡಿದಿಲ್ಲ. ಬೀಗದಕೈ ಮಾತ್ರ ಕೇಳುತ್ತಾರೆ. ಬೆಂಚಿನ ಮೇಲೆ ಕೂತು ಪುಸ್ತಕ ತೆರೆದರೆ ಸಾಕು, ಹುಲ್ಲಿನ ಆಚೆಯಿಂದ ಯಾರಾದರೂ ನಗುತ್ತಾ ಬರುತ್ತಾರೆ. ‘ಕ್ಷಮಿಸಿ, ನಿಮ್ಮ ಹತ್ತಿರ ಬೀಗದಕೈ ಇದೆಯಾ?’ ತೋರಿಸಿದರೆ, ‘ತಪ್ಪು ತಿಳೀಬೇಡಿ, ಎಲ್ಲರನ್ನೂ ಕೇಳ್ತೀವಿ’ ಅನ್ನುತ್ತಾರೆ. ಬೇರೆ ಯಾರನ್ನಾದರೂ ಕೇಳಿದ್ದನ್ನು ನಾನು ನೋಡಿಲ್ಲ. ಅವರಲ್ಲಿ ಒಬ್ಬರು ಗೇಟು ತೆರೆದರೆ ಹಿಂದೆ ಬರುವವರಿಗಾಗಿ ಹಿಡಿದು ನಿಲ್ಲುತ್ತಾರೆ. ನಾನು ಹಿಂದಿದ್ದರೆ ಆ ಗೇಟಿಗೆ ಅದೇನೋ ಅವಸರ.

ಅಮ್ಮ ಹಲ್ಲಿನ ಡಾಕ್ಟರು. ಎರಡು ಬೀದಿ ಆಚೆ ಅವಳ ಕ್ಲಿನಿಕ್ಕು. ತಮಾಷೆಯೆಂದರೆ ಈ ತೋಟದ ಅರ್ಧ ಜನ ಅವಳ ಮುಂದೆ ಬಾಯಿ ತೆರೆದವರೇ. ಕುರ್ಚಿಯಲ್ಲಿ ಒರಗಿದಾಗ ಅವಳ ಕೈ ಹಿಡಿದುಕೊಂಡು ‘ನೋವಾಗಲ್ಲ ತಾನೇ ಡಾಕ್ಟ್ರೇ?’ ಎಂದವರು, ತೋಟದಲ್ಲಿ ಮುಖದ ಮಾಸ್ಕು ತೆಗೆದ ಅಮ್ಮನನ್ನು ನೋಡಿ ಬೀಗದಕೈ ಕೇಳುತ್ತಾರೆ. ಅವರಿಗೆ ಅಮ್ಮನ ಮುಖ ಗೊತ್ತಿಲ್ಲ. ಅಮ್ಮನಿಗೂ ಅವರ ಮುಖ ಅಷ್ಟಕ್ಕಷ್ಟೇ. ಅವಳು ಜನರನ್ನು ಗುರುತಿಸುವುದು ಹಲ್ಲಿನಿಂದ. ‘ಯಾರು ಕೇಳಿದ್ದು ಇವತ್ತು?’ ಎಂದರೆ, ‘ಮೇಲಿನ ಎಡಗಡೆ ಸೇತುವೆ’ ಅನ್ನುತ್ತಾಳೆ. ಹಾಗಾಗಿ ನಮ್ಮ ಮನೆಯಲ್ಲಿ ಬೀದಿಯವರಿಗೆಲ್ಲ ಹಲ್ಲಿನ ಹೆಸರೇ. ಬಿದ್ದ ಹಲ್ಲಿನ ಜಾಗಕ್ಕೆ ಮೂರು ಕಟ್ಟುಹಲ್ಲುಗಳ ಸೇತುವೆ ಹಾಕಿಸಿಕೊಂಡವಳು ಸೇತುವೆಯಮ್ಮ. ಬೆಳಿಗ್ಗೆ ತೋಟದ ಸುತ್ತ ಓಡುವ ಗಂಡಸು ಸಂದುಹಲ್ಲು. ತೋಟದ ಸಮಿತಿಯ ಅಧ್ಯಕ್ಷರಿಗೆ ಹಿಂದಿನ ದವಡೆಯಲ್ಲಿ ಹಳೆಯ ಕಾಲದ ಬಂಗಾರದ ಹಲ್ಲಿದೆ, ಅವರು ಬಂಗಾರಪ್ಪನವರು.

ಆ ಸೇತುವೆಯನ್ನು ಮಾಡಿದವಳು ನಾನು. ನಾನು ಕೆಲಸ ಮಾಡುವುದು ಹಲ್ಲು ತಯಾರಿಸುವ ಲ್ಯಾಬಿನಲ್ಲಿ. ಪಿಂಗಾಣಿಯ ಪುಡಿಯನ್ನು ಹನಿ ನೀರಲ್ಲಿ ಕಲಸಿ, ಕುಂಚದ ತುದಿಯಿಂದ ಪದರ ಪದರವಾಗಿ ಕೂರಿಸಿ, ಪುಟ್ಟ ಕುಲುಮೆಯಲ್ಲಿ ಬೇಯಿಸುತ್ತೇನೆ. ನನ್ನ ಮೇಜಿನ ಮೇಲೆ ಬಿಳಿಯ ಹದಿನಾರು ಬಗೆಗಳ ಮಾದರಿಪಟ್ಟಿ ಇದೆ: ಹಾಲಿನ ಕಡೆಯ ಬಿಳಿ, ಬೂದಿಯ ಕಡೆಯ ಬಿಳಿ, ಹಳೇ ಕಾಗದದ ಬಿಳಿ. ಕಿಟಕಿಯ ಬೆಳಕಿನಲ್ಲಿ ಒಂದೇ ನೋಟಕ್ಕೆ ಆರಿಸಬೇಕು. ಹೆಚ್ಚು ಹೊತ್ತು ದಿಟ್ಟಿಸಿದರೆ ಕಣ್ಣು ದಣಿದು ಎಲ್ಲವೂ ಒಂದೇ ಅನ್ನಿಸತೊಡಗುತ್ತದೆ. ನನಗೆ ಹಗಲುಗನಸಿನ ಚಟ. ಕುಲುಮೆಯ ಬಾಗಿಲು ಮುಚ್ಚಿಕೊಂಡರೆ ಒಳಗೆ ಯಾವುದೋ ರಾಜಕುಮಾರಿ ಕಾದು ಕೂತಿದ್ದಾಳೆ ಅನ್ನಿಸಿ ಹೊತ್ತು ಮರೆಯುತ್ತೇನೆ. ಮಾಲೀಕರು, ‘ಏನಮ್ಮ, ಹಲ್ಲು ಬೇಯಿಸ್ತಿದೀಯೋ ಸುಡ್ತಿದೀಯೋ?’ ಅಂದಾಗಲೇ ಎಚ್ಚರ.

ಈ ಚಟ ಹತ್ತಿಸಿದವಳು ಅಜ್ಜಿ, ಅಮ್ಮನ ಅಮ್ಮ. ಅಮ್ಮ ಓದುತ್ತಿದ್ದ ಕಾಲದಲ್ಲಿ ನಾನು ಬೆಳೆದದ್ದು ಅಜ್ಜಿಯ ಮಡಿಲಲ್ಲಿ, ಅನ್ನುವುದಕ್ಕಿಂತ ಅಜ್ಜಿಯ ಕತೆಗಳಲ್ಲಿ. ತಾತ ಹೋದ ಮೇಲೆ ಅಜ್ಜಿ ನಮ್ಮ ಜೊತೆ ಇರಲು ಬಂದಳು. ಒಂದೇ ಪೆಟ್ಟಿಗೆ ತಂದಿದ್ದಳು. ‘ಒಂದು ತಿಂಗಳು ನೋಡ್ತೀನಿ. ಒಗ್ಗದಿದ್ರೆ ತಂಗಿ ಮನೆಗೆ ಹೋಗ್ತೀನಿ. ಬಲವಂತ ಮಾಡ್ಬೇಡಿ’ ಎಂದಳು. ಆ ಪೆಟ್ಟಿಗೆಯನ್ನು ಪೂರ್ತಿ ಖಾಲಿ ಮಾಡಲೇ ಇಲ್ಲ. ಕತೆಯನ್ನೂ ಹೇಳಲಿಲ್ಲ. ‘ಒಂದೇ ಒಂದು ಅಜ್ಜಿ’ ಎಂದು ಗೋಗರೆದರೆ, ‘ಕತೆ ಕೇಳ್ತಿದ್ದ ಮುದುಕನೇ ಹೋದ ಮೇಲೆ ಹೂಂಗುಟ್ಟೋರು ಯಾರೇ?’ ಎಂದು ಗೋಡೆಯ ಕಡೆ ತಿರುಗುತ್ತಿದ್ದಳು.

ಎರಡನೇ ವಾರ ನಾನು ಅವಳನ್ನು ಎಳೆದುಕೊಂಡು ತೋಟಕ್ಕೆ ಹೋದೆ. ಬೆಳಗಿನ ಏಳು ಗಂಟೆ. ಗೇಟಿನ ಹತ್ತಿರದ ಬೆಂಚಿನ ಮೇಲೆ ಕೂತೆವು. ಅಜ್ಜಿ ಹುಲ್ಲನ್ನು ನೋಡಿದಳು, ಬೇಲಿಯನ್ನು ನೋಡಿದಳು, ಆಮೇಲೆ ಗೇಟನ್ನೇ ಬಹಳ ಹೊತ್ತು ನೋಡಿದಳು.

‘ಒಂದು ಬಾಗಿಲಿತ್ತಂತೆ’ ಎಂದಳು.

‘ಹೂಂ’ ಎಂದೆ ನಾನು ಮೆಲ್ಲಗೆ.

‘ಗೋಡೆ ಇಲ್ಲ, ಸೂರು ಇಲ್ಲ. ಬಯಲ ನಟ್ಟನಡುವೆ ಬರೀ ಬಾಗಿಲು. ಅದಕ್ಕೊಬ್ಬ ಕಾವಲುಗಾರ, ಇಷ್ಟುದ್ದ ಮೀಸೆ. ಬಾಗಿಲು ದಾಟೋಕೆ ಜನ ಸಾಲುಗಟ್ಟಿ ನಿಂತಿರ್ತಿದ್ರಂತೆ, ಬೆಳಗಿಂದ ಬೈಗಿನವರೆಗೆ...’

ಆಗಲೇ ಸೇತುವೆಯಮ್ಮ ನಗುತ್ತಾ ಬಂದದ್ದು. ಕೈಯಲ್ಲಿ ಚಹಾದ ಲೋಟ. ‘ಕ್ಷಮಿಸಿ, ನಿಮ್ಮ ಹತ್ತಿರ ಬೀಗದಕೈ ಇದೆಯಾ?’

ನಾನು ತೋರಿಸಿದೆ. ನಾನೇ ಕೂರಿಸಿದ ಮೂರು ಹಲ್ಲುಗಳು ನನ್ನೆದುರಿಗೇ ಮಿನುಗಿದವು. ಬಣ್ಣ ಒಂದು ಕೂದಲೆಳೆಯಷ್ಟೂ ತಪ್ಪಿರಲಿಲ್ಲ. ‘ತಪ್ಪು ತಿಳೀಬೇಡಿ, ಎಲ್ಲರನ್ನೂ ಕೇಳ್ತೀವಿ’ ಎಂದು ಅವಳು ಹೊರಟುಹೋದಳು.

‘ಏನಂತೆ ಅವಳದು?’ ಎಂದಳು ಅಜ್ಜಿ.

ನಿಜ ಹೇಳುವ ಹಾಗಿರಲಿಲ್ಲ. ಏಕೆಂದರೆ ಅಜ್ಜಿಯ ಸೋಪಿನಂಗಡಿಯ ವಿಷಯ ಮನೆಮಂದಿಗೆಲ್ಲ ಗೊತ್ತು. ಹರೆಯದಲ್ಲಿ ಒಮ್ಮೆ ಮನೆ ಪಕ್ಕದ ಅಂಗಡಿಯವನು, ಬೇರೆ ಗಿರಾಕಿಗಳನ್ನೆಲ್ಲ ಬಿಟ್ಟು, ಅವಳೊಬ್ಬಳನ್ನೇ ನಿಲ್ಲಿಸಿ ಚೀಲ ತೋರಿಸು ಎಂದನಂತೆ. ತೋರಿಸಿದಳು. ಆಮೇಲೆ ಮೂವತ್ತು ವರ್ಷ ಆ ಅಂಗಡಿಯ ಮೆಟ್ಟಿಲು ಹತ್ತಲಿಲ್ಲ. ‘ಯಾರು ಏನು ಅಂತ ಕೇಳಿಸಿಕೊಂಡು ಒಳಗೆ ಹೋಗೋ ಜಾಗಕ್ಕೆ ನಾನು ಎರಡನೇ ಸಲ ಹೋಗೋಳಲ್ಲ’ ಎಂಬುದು ಅವಳ ಮಾತು. ಈಗ ನಿಜ ಹೇಳಿದರೆ ತೋಟವೂ ಇಲ್ಲ, ಕತೆಯೂ ಇಲ್ಲ, ಅಜ್ಜಿಯೂ ಇಲ್ಲ. ಖಾಲಿಯಾಗದ ಆ ಪೆಟ್ಟಿಗೆ ನನ್ನ ಕಣ್ಣ ಮುಂದೆ ಬಂತು.

‘ಅದಾ? ಅದು ಇಲ್ಲಿಯ ಪದ್ಧತಿ ಅಜ್ಜಿ’ ಎಂದೆ. ನಾಲಿಗೆ ತಾನಾಗಿಯೇ ಕತೆ ಕಟ್ಟಿತು. ‘ತೋಟದಲ್ಲಿ ಎದುರಾದ್ರೆ ಬೀಗದಕೈ ತೋರಿಸೋದು. ಚೆನ್ನಾಗಿದೀರಾ ಅಂತ ಕೇಳಿದ ಹಾಗೆ.’

‘ಹೌದಾ? ಮತ್ತೆ ಅವಳು ತೋರಿಸಲೇ ಇಲ್ಲ?’

‘ಮರೆತು ಬಂದಿದ್ದಳೇನೋ.’

‘ಪಾಪ’ ಎಂದಳು ಅಜ್ಜಿ. ‘ಎಂಥೆಂಥಾ ಪದ್ಧತಿಗಳಪ್ಪ! ಇರಲಿ, ಚೆನ್ನಾಗಿದೆ.’

ಅವತ್ತೇ ನನ್ನ ಬೀಗದಕೈಯನ್ನು ಅಜ್ಜಿಗೆ ಕೊಟ್ಟೆ. ಹಗಲೆಲ್ಲ ನಾನು ಲ್ಯಾಬಿನಲ್ಲಿರುತ್ತಿದ್ದೆ, ಅಮ್ಮ ಕ್ಲಿನಿಕ್ಕಿನಲ್ಲಿ. ಹನ್ನೊಂದರ ಬಿಸಿಲಿಗೂ ಸಂಜೆಯ ತಂಪಿಗೂ ಅವಳು ಒಬ್ಬಳೇ ಹೋಗಿ ಕೂರಲಿ ಎಂದು. ಸಂಜೆ ಬಂದು ನೋಡಿದರೆ ಬೀಗದಕೈಗೆ ಕೆಂಪು ಉಣ್ಣೆಯ ನೂಲು ಕಟ್ಟಿ ತುದಿಗೆ ಗೊಂಡೆ ಮಾಡಿದ್ದಳು. ‘ದೂರದಿಂದಲೇ ಕಾಣಲಿ ಅಂತ’ ಎಂದಳು.

ಅದು ದೂರದಿಂದಲೇ ಕಂಡಿತು. ಮರುದಿನ ಬೆಳಿಗ್ಗೆ ಯಾರು ಎದುರಾದರೂ ಅಜ್ಜಿ ಬೆಂಚಿನಿಂದ ಅರ್ಧ ಎದ್ದು, ಮುಖದ ತುಂಬ ನಗುತ್ತಾ, ಬೀಗದಕೈ ಎತ್ತಿ ಹಿಡಿಯತೊಡಗಿದಳು. ಹಿಡಿದು ಕಾಯುತ್ತಿದ್ದಳು. ಎದುರಿನವರು ಮಿಕಿಮಿಕಿ ನೋಡಿದರೆ, ‘ನಿಮ್ಮದು?’ ಎಂದು ಪ್ರೀತಿಯಿಂದ ಕೇಳುತ್ತಿದ್ದಳು.

ನಾನು ಪುಸ್ತಕದ ಹಿಂದೆ ಮುಖ ಮುಚ್ಚಿಕೊಂಡೆ.

ಮಗುವಿನ ಗಾಡಿ ತಳ್ಳಿಕೊಂಡು ಬಂದ ಎಳೆಯ ತಾಯಿ ಜೇಬು, ಚೀಲ, ಗಾಡಿಯ ತಳ ಎಲ್ಲ ತಡಕಿ ಕೆಂಪಾದಳು. ಕೋಟು ತೊಟ್ಟ ಒಬ್ಬರು ‘ಏನು, ಏನು?’ ಎಂದು ಗೊಣಗುತ್ತಾ ದಾರಿ ಬದಲಿಸಿದರು. ಸಂದುಹಲ್ಲು ಓಡುತ್ತಿದ್ದವನು ಗಕ್ಕನೆ ನಿಂತ, ಅಜ್ಜಿಯನ್ನು ನೋಡಿದ, ಕೆಂಪು ಗೊಂಡೆಯನ್ನು ನೋಡಿದ. ಮಣಿಕಟ್ಟಿನ ಪಟ್ಟಿಗೆ ಸಿಕ್ಕಿಸಿಕೊಂಡಿದ್ದ ತನ್ನ ಬೀಗದಕೈಯನ್ನು ಎತ್ತಿ ತೋರಿಸಿ, ಹಲ್ಲಿನ ಸಂದೆಲ್ಲ ಕಾಣುವಂತೆ ನಕ್ಕು ಓಡಿದ.

‘ನೋಡು, ಇವನು ಸಂಸ್ಕಾರವಂತ’ ಎಂದಳು ಅಜ್ಜಿ.

ದಿನಗಳೆದಂತೆ ಅಜ್ಜಿ ಚಿಗುರಿಕೊಂಡಳು. ಪೆಟ್ಟಿಗೆಯಿಂದ ಶಾಲು ಹೊರಬಂತು, ಕನ್ನಡಕದ ಡಬ್ಬಿ ಬಂತು, ತಾತನ ಗಡಿಯಾರ ಬಂದು ಕಿಟಕಿಯ ಕಟ್ಟೆಯ ಮೇಲೆ ಕೂತಿತು. ಬೆಳಗಿನ ಹೊತ್ತು ಬಾಗಿಲಿನ ಕತೆ ತುಣುಕು ತುಣುಕಾಗಿ ಮುಂದುವರಿಯಿತು. ಸಾಲಿನ ಕೊನೆಯಲ್ಲಿ ಮೇಕೆ ಹಿಡಿದುಕೊಂಡು ನಿಂತ ಒಬ್ಬ ಮುದುಕಿ. ಮುದುಕಿ ಸಾಲಿನಲ್ಲಿ ನಿಂತಿದ್ದರೆ ಮೇಕೆ ಹಗ್ಗ ಬಿಡಿಸಿಕೊಂಡು ಬಾಗಿಲ ಪಕ್ಕದಿಂದಲೇ ಆಚೆ ಹೋಗಿ ಮೇಯತೊಡಗಿತು. ಸಾಲಿನಲ್ಲಿದ್ದವರೆಲ್ಲ ‘ಅದನ್ನ ಒಳಗೆ ಬಿಟ್ಟಿದ್ದು ಯಾರು?’ ಎಂದು ಕೂಗಾಡಿದರು. ಕಾವಲುಗಾರ ಓಡಿಹೋಗಿ ಮೇಕೆಯನ್ನು ಎಳೆದು ತಂದ, ಬಾಗಿಲಿನ ಮೂಲಕವೇ ಒಳಗೆ ಬಿಡುವುದಕ್ಕೆ.

ಸಂಜೆ ಚಹಾದ ಹೊತ್ತಿಗೆ ಅಜ್ಜಿಯ ವರದಿ. ‘ಇವತ್ತು ಹನ್ನೊಂದು ಜನ ಸಿಕ್ಕಿದ್ರು. ಏಳು ಜನರ ಹತ್ತಿರ ಬೀಗದಕೈನೇ ಇಲ್ಲ ಕಣೇ! ಅದು ಹೇಗೆ ಒಳಗೆ ಬರ್ತಾರೋ, ಹೇಗೆ ಹೊರಗೆ ಹೋಗ್ತಾರೋ. ನಾನೇ ಎಷ್ಟು ಜನಕ್ಕೆ ಗೇಟು ತೆಗೆದುಕೊಟ್ಟೆ.’

ಅಮ್ಮ ಲೋಟದ ಅಂಚಿನಿಂದ ನನ್ನನ್ನು ನೋಡಿದಳು. ಅವಳಿಗೆ ನನ್ನ ಸುಳ್ಳಿನ ವಿಷಯ ಗೊತ್ತಾಗಿತ್ತು. ನಕ್ಕಿರಲಿಲ್ಲ, ಬೈದೂ ಇರಲಿಲ್ಲ. ‘ಎಷ್ಟು ದಿನ ಅಂತ ನಡೆಸ್ತೀಯೋ ನಾನೂ ನೋಡ್ತೀನಿ’ ಎಂದಷ್ಟೇ ಅಂದಿದ್ದಳು.

ಮೂರು ವಾರ ನಡೆಯಿತು. ನಾಲ್ಕನೇ ವಾರದ ಸೋಮವಾರ ಬಂಗಾರಪ್ಪನವರು ಅಮ್ಮನ ಕುರ್ಚಿಯಲ್ಲಿ ಬಂದು ಒರಗಿದರು. ಒಸಡಿಗೆ ಮದ್ದು ಹಾಕಿ ಮರಗಟ್ಟಲೆಂದು ಅಮ್ಮ ಕಾಯುತ್ತಿದ್ದಾಗ ಅವರು ಲೋಕಾಭಿರಾಮವಾಗಿ ಹೇಳಿದರಂತೆ: ‘ನಮ್ಮ ತೋಟದಲ್ಲಿ ಒಬ್ಬ ಮುದುಕಿ ಬಂದು ಕೂತಿರುತ್ತೆ ಡಾಕ್ಟ್ರೇ. ಯಾವುದೋ ಮನೆಯಲ್ಲಿ ಮಕ್ಕಳನ್ನ ನೋಡಿಕೊಳ್ಳೋಕೆ ಇಟ್ಟುಕೊಂಡಿದ್ದಾರೋ ಏನೋ. ಬಂದವರನ್ನೆಲ್ಲ ಬೀಗದಕೈ ಕೇಳುತ್ತೆ. ಜನಕ್ಕೆ ಮುಜುಗರ. ಗುರುವಾರ ಸಮಿತಿ ಸಭೆ ಇದೆ, ಅದು ಮುಗಿಸಿಕೊಂಡು ಸಂಜೆ ನಾನೇ ಹೋಗಿ ಮೆತ್ತಗೆ ಹೇಳಿಬರ್ತೀನಿ.’

ಆರು ವರ್ಷದಿಂದ ಅವರ ಹಲ್ಲು ನೋಡುತ್ತಿರುವವಳು ಎದುರುಮನೆಯವಳೆಂದು ಅವರಿಗೆ ಗೊತ್ತಿರಲಿಲ್ಲ.

‘ನೀನೇನಂದೆ?’ ಎಂದು ಕೇಳಿದೆ.

‘ಬಾಯಿ ದೊಡ್ಡದಾಗಿ ತೆಗೀರಿ ಅಂದೆ’ ಎಂದಳು ಅಮ್ಮ. ಆಮೇಲೆ ದನಿ ತಗ್ಗಿಸಿ, ‘ನೀನೇ ಹೇಳಿಬಿಡು ಮಗಳೇ. ಅವರ ಬಾಯಿಂದ ಕೇಳಿದ್ರೆ ಅಜ್ಜಿ ಅಲ್ಲಿಂದ ಸೀದಾ ಪೆಟ್ಟಿಗೆ ಹತ್ತಿರ ಹೋಗ್ತಾಳೆ’ ಎಂದಳು.

ಮಂಗಳವಾರ ಬೆಳಿಗ್ಗೆ ಹೇಳಲೆಂದು ಕೂತೆ. ಅಜ್ಜಿ ಮೇಕೆ ಕಾವಲುಗಾರನ ಮೀಸೆ ಜಗಿಯುವುದನ್ನು ಅಭಿನಯಿಸಿ ತೋರಿಸಿದಳು. ತಾತ ಹೋದ ಮೇಲೆ ಅವಳು ಅಷ್ಟು ಜೋರಾಗಿ ನಕ್ಕದ್ದು ಅದೇ ಮೊದಲು. ನಾನು ಹೇಳದೆಯೇ ಲ್ಯಾಬಿಗೆ ಹೊರಟೆ. ಬುಧವಾರ ಮೋಡ ಕವಿದಿತ್ತು. ಅವಳು ತಾನಾಗಿಯೇ, ‘ತಂಗಿಗೆ ಫೋನ್ ಮಾಡಿ ಹೇಳಿಬಿಟ್ಟೆ ಕಣೇ, ಸದ್ಯಕ್ಕೆ ಬರಲ್ಲ ಅಂತ’ ಎಂದಳು. ಆಮೇಲೆ ಹೇಗೆ ಹೇಳಲಿ?

ಗುರುವಾರ ಲ್ಯಾಬಿನಿಂದ ಬೇಗ ಹೊರಟೆ. ಕುಲುಮೆಯಲ್ಲಿದ್ದ ಹಲ್ಲನ್ನು ಮಾಲೀಕರ ಮೇಲೆ ಬಿಟ್ಟು ಓಡಿದೆ. ಆದರೂ ತಡವಾಗಿತ್ತು. ಬೀದಿಯ ತಿರುವಿನಿಂದಲೇ ಕಂಡಿತು: ಗೇಟಿನ ಹತ್ತಿರದ ಬೆಂಚಿನ ಮೇಲೆ ಅಜ್ಜಿ, ಪಕ್ಕದಲ್ಲಿ ಕಾಲ ಮೇಲೆ ಕಾಲು ಹಾಕಿಕೊಂಡು ಬಂಗಾರಪ್ಪನವರು. ಗೇಟಿಗೆ ಬಂದು ಕೋಟಿನ ಜೇಬಿಗೆ ಕೈ ಹಾಕಿದ ಮೇಲೆ ನೆನಪಾಯಿತು, ನನ್ನ ಬೀಗದಕೈ ಅಜ್ಜಿಯ ಹತ್ತಿರ ಇದೆ. ಕೂಗಿದರೆ ಏನೆಂದು ಕೂಗಲಿ? ಕಂಬಿ ಹಿಡಿದುಕೊಂಡು ಹೊರಗೇ ನಿಂತೆ. ಅವರಿಬ್ಬರೂ ನನ್ನ ಕಡೆ ನೋಡಲಿಲ್ಲ.

‘ನೀವು ಎಲ್ಲರನ್ನೂ ಬೀಗದಕೈ ಕೇಳ್ತೀರಂತಲ್ಲಮ್ಮ’ ಎನ್ನುತ್ತಿದ್ದರು ಅವರು. ದನಿಯಲ್ಲಿ ಒರಟುತನವೇ ಇರಲಿಲ್ಲ, ಸಕ್ಕರೆ ಸವರಿದ ಮಾತ್ರೆಯ ಹಾಗಿತ್ತು.

‘ಕೇಳಲ್ಲಪ್ಪ, ನಾನು ತೋರಿಸ್ತೀನಿ. ನಾನು ತೋರಿಸಿದ ಮೇಲೆ ಅವರೂ ತೋರಿಸಬೇಕಲ್ಲ. ಇಲ್ಲಿಯ ಪದ್ಧತಿ ಅದೇ ತಾನೇ?’

‘ಪದ್ಧತಿ ಅಂತ ಯಾರು ಹೇಳಿದ್ರು?’

‘ನನ್ನ ಮೊಮ್ಮಗಳು.’

ಅವರು ನಕ್ಕರು. ‘ಯಾರೋ ನಿಮಗೆ ತಮಾಷೆ ಮಾಡಿದ್ದಾರೆ. ಹೊರಗಿನವರು ಬಂದು ಸೇರಿಕೊಳ್ತಾರೆ, ನೋಡಿ, ಅದಕ್ಕೆ ಬೀಗದಕೈ ಕೇಳೋದು. ಇಲ್ಲಿಯವರನ್ನ ಯಾರೂ ಕೇಳಲ್ಲ.’

ಅಜ್ಜಿ ಅವರ ಕಡೆ ತಿರುಗಿದಳು. ‘ಇಲ್ಲಿಯವರು ಯಾರು, ಹೊರಗಿನವರು ಯಾರು ಅಂತ ಹೇಗೆ ಗೊತ್ತಾಗುತ್ತೆ?’

‘ನೋಡಿದ್ರೆ ಗೊತ್ತಾಗುತ್ತಲ್ಲಮ್ಮ.’

ಇವತ್ತು ಮೋಡ ಇದೆಯಲ್ಲ ಎಂದ ಹಾಗೆ ಅದನ್ನು ಅಂದರು. ಅಂದ ಮೇಲೆ ಅವರಿಗೇ ಏನೋ ತಟ್ಟಿರಬೇಕು, ಬೂಟಿನ ತುದಿ ನೋಡಿಕೊಂಡರು. ‘ನಿಮ್ಮ ಬಗ್ಗೆ ಅಲ್ಲ ಹೇಳಿದ್ದು. ನೀವು ಹಾಗಲ್ಲ ಬಿಡಿ.’

ಅಜ್ಜಿ ಮಡಿಲಲ್ಲಿದ್ದ ತನ್ನ ಕೈಗಳನ್ನು ನೋಡಿದಳು. ಆಮೇಲೆ ತಲೆಯೆತ್ತಿ ಕಂಬಿಗಳ ಆಚೆ ನಿಂತಿದ್ದ ನನ್ನನ್ನು ನೋಡಿದಳು. ಬಹಳ ಹೊತ್ತಲ್ಲ, ಬಣ್ಣ ಆರಿಸುವಾಗ ನಾನು ನೋಡುವಷ್ಟೇ. ಆ ಒಂದು ನೋಟಕ್ಕೆ ಅವಳಿಗೆ ಎಲ್ಲ ತಿಳಿದುಹೋಯಿತು.

ಬಂಗಾರಪ್ಪನವರು ಎದ್ದು ಗೇಟಿಗೆ ಬಂದರು. ಕೋಟಿನ ಎಡಜೇಬು ತಟ್ಟಿಕೊಂಡರು, ಬಲಜೇಬು ತಟ್ಟಿಕೊಂಡರು, ಎದೆಯ ಜೇಬಿಗೂ ಕೈ ಹಾಕಿದರು. ಬರುವಾಗ ಯಾರೋ ಗೇಟು ಹಿಡಿದಿದ್ದರು ಅನ್ನಿಸುತ್ತದೆ. ನನ್ನ ಕಡೆ ನೋಡಿ, ‘ನಿನ್ನ ಹತ್ತಿರ ಬೀಗದಕೈ ಇದ್ಯಾ?’ ಎಂದರು. ನಾನು ಇಲ್ಲವೆಂದು ತಲೆಯಾಡಿಸಿದೆ. ಅವರ ಹುಬ್ಬು ಸಣ್ಣಗೆ ಮೇಲೇರಿತು. ಬೀಗದಕೈ ಇಲ್ಲದೆ ಬೇಲಿಯ ಒಳಗೆ ಸಿಕ್ಕಿಕೊಂಡವರು ಯಾರು ಎಂಬುದು ಆ ಹುಬ್ಬಿಗೆ ತಿಳಿಯಲಿಲ್ಲ.

ಅಜ್ಜಿ ನಿಧಾನವಾಗಿ ಎದ್ದಳು. ಮೊಣಕಾಲು ಹಿಡಿದುಕೊಂಡು, ಒಂದೊಂದೇ ಹೆಜ್ಜೆ ಇಟ್ಟುಕೊಂಡು ಬಂದಳು. ಕೆಂಪು ಗೊಂಡೆಯ ಬೀಗದಕೈಯನ್ನು ಗೇಟಿನ ಬೀಗದೊಳಗೆ ತೂರಿಸಿದಳು. ತಿರುಗಿಸಲಿಲ್ಲ.

‘ಯಾವ ಮನೆ ನಿಮ್ಮದು?’

‘ನಂದಾ?’ ಅವರು ನಕ್ಕರು. ಅಜ್ಜಿ ನಗಲಿಲ್ಲ. ‘ಒಂಬತ್ತನೇ ನಂಬರು.’

‘ಎಷ್ಟು ವರ್ಷದಿಂದ ಇದೀರಿ?’

‘ಹದಿನೆಂಟು... ಹದಿನೆಂಟು ವರ್ಷ ಆಯ್ತು.’

‘ಸರಿ.’ ಬೀಗ ಕಟಕ್ಕೆಂದಿತು. ‘ತಪ್ಪು ತಿಳೀಬೇಡಿ. ಎಲ್ಲರನ್ನೂ ಕೇಳ್ತೀನಿ.’

ಅವರು ನನ್ನ ಪಕ್ಕದಿಂದ ಹಾದುಹೋದರು. ಕಿವಿಯ ತುದಿ ಕೆಂಪಾಗಿತ್ತು. ಬೇರೆ ದಿನವಾಗಿದ್ದರೆ ನಾನು ನಕ್ಕು ನಕ್ಕು ಬೀಳುತ್ತಿದ್ದೆ.

ಮನೆಗೆ ಬರುವಾಗ ಅಜ್ಜಿ ನನ್ನ ಕೈ ಹಿಡಿಯಲಿಲ್ಲ. ಅಡುಗೆಮನೆಯ ಮೇಜಿನ ಮೇಲೆ ಬೀಗದಕೈ ಇಟ್ಟಳು. ‘ತಗೋ ನಿನ್ನದು.’

‘ಅಜ್ಜಿ...’

‘ಮೂರು ವಾರ.’ ದನಿ ಏರಲಿಲ್ಲ. ‘ಮೂರು ವಾರ ಕಂಡಕಂಡವರಿಗೆಲ್ಲ ಹಲ್ಲು ಬಿಟ್ಟುಕೊಂಡು ಬೀಗದಕೈ ತೋರಿಸಿದೀನಿ. ನೀನು ಪಕ್ಕದಲ್ಲೇ ಕೂತಿದ್ದೆ.’

‘ನಿಂಗೆ ಗೊತ್ತಾದ್ರೆ ಹೋಗಿಬಿಡ್ತೀಯ ಅಂತ ಭಯ ಆಯ್ತು.’

‘ಅವರು ಕೇಳಿದ್ದು ಹಾಗಿರಲಿ. ಅದು ನಂಗೆ ಹೊಸದಾ? ನಾನು ಏನು ಮಾಡ್ತಿದೀನಿ ಅನ್ನೋದು ನನಗೊಬ್ಬಳಿಗೇ ಗೊತ್ತಿರಲಿಲ್ಲವಲ್ಲ, ಅದು ಚುಚ್ಚುತ್ತೆ. ಕತೆ ಹೇಳೋವಾಗ ಕೇಳೋರಿಗೆ ಅದು ಕತೆ ಅಂತ ಗೊತ್ತಿರಬೇಕು ಕಣೇ. ನಾನು ನಿಂಗೆ ಸಾವಿರ ಕತೆ ಹೇಳಿದೀನಿ. ಒಂದು ಸಲನಾದ್ರೂ ನಿನ್ನ ಪೆದ್ದಿ ಮಾಡಿದ್ದೀನಾ?’

ಅಜ್ಜಿ ತನ್ನ ಕೋಣೆಗೆ ಹೋದಳು. ಪೆಟ್ಟಿಗೆಯ ಕೊಂಡಿ ಟಕ್ಕೆಂದು ತೆರೆದ ಸದ್ದು ಕೇಳಿಸಿತು. ನಾನು ಅಳುತ್ತಾ ಲೋಟ ತೊಳೆದೆ, ತೊಳೆದದ್ದನ್ನೇ ಮತ್ತೆ ತೊಳೆದೆ. ಸ್ವಲ್ಪ ಹೊತ್ತಿಗೆ ಅಮ್ಮ ಬಂದಳು. ನನ್ನ ಮುಖ, ಮೇಜಿನ ಮೇಲಿನ ಕೆಂಪು ಗೊಂಡೆ ಎರಡನ್ನೂ ನೋಡಿ, ಕೇಳುವುದಕ್ಕೇನೂ ಉಳಿದಿಲ್ಲವೆಂಬಂತೆ ಅಜ್ಜಿಯ ಕೋಣೆಯ ಬಾಗಿಲಿಗೆ ಹೋಗಿ ಒರಗಿ ನಿಂತಳು. ನಾನೂ ಹಿಂದೆ ಹೋದೆ.

ಅಜ್ಜಿ ಮಂಚದ ಮೇಲೆ ಕೂತಿದ್ದಳು. ಪೆಟ್ಟಿಗೆ ತೆರೆದಿತ್ತು. ಶಾಲು ಕೈಯಲ್ಲಿತ್ತು, ಒಳಗೆ ಹೋಗಿರಲಿಲ್ಲ.

‘ಹೊರಟೆಯಾ ಅಮ್ಮ?’ ಎಂದಳು ಅಮ್ಮ.

‘ಅದನ್ನೇ ಯೋಚಿಸ್ತಿದೀನಿ.’ ಅಜ್ಜಿ ಶಾಲಿನ ಅಂಚು ಸವರಿದಳು. ‘ಆ ಸೋಪಿನಂಗಡಿ ನೆನಪಿದೆಯಾ ನಿಂಗೆ?’

‘ಮರೆಯೋಕೆ ಬಿಟ್ಟಿದೀಯಾ?’

‘ಮನೆ ಪಕ್ಕದಲ್ಲೇ ಇತ್ತು. ಹತ್ತು ಹೆಜ್ಜೆ. ಮೂವತ್ತು ವರ್ಷ ಅರ್ಧ ಗಂಟೆ ನಡೆದುಹೋಗಿ ಸೋಪು ತಂದೆ. ಬಿಸಿಲು, ಬಸಿರು, ಜ್ವರ, ಏನೇ ಇರಲಿ. ಅವನಿಗೆ ಬುದ್ಧಿ ಕಲಿಸ್ತಿದೀನಿ ಅಂದ್ಕೊಂಡಿದ್ದೆ.’ ಅವಳು ಸ್ವಲ್ಪ ನಕ್ಕಳು. ‘ಅವನು ಅಂಗಡಿ ಮುಚ್ಚೋ ದಿನ ಬಾಗಿಲಲ್ಲಿ ನಿಂತಿದ್ದ. ನಾನು ಹಾದುಹೋಗ್ತಿದ್ದೆ. ನನ್ನ ಕರೆದು ಹೇಳಿದ, ಅಕ್ಕಾ, ಇಷ್ಟು ವರ್ಷ ನಮ್ಮ ಅಂಗಡಿಗೆ ಬರ್ತಿದ್ರಿ, ಬಹಳ ಉಪಕಾರ ಆಯ್ತು ಅಂತ.’

ಅಮ್ಮನ ಬಾಯಿ ತೆರೆದೇ ಇತ್ತು. ‘ಇದನ್ನ ಯಾವತ್ತೂ ಹೇಳಿಲ್ಲ ನೀನು.’

‘ಹೇಳೋಕೆ ನಾಚಿಕೆ ಆಗ್ತಿತ್ತು. ನಾನು ಬರ್ತಿಲ್ಲ ಅನ್ನೋದೇ ಗೊತ್ತಿರಲಿಲ್ಲ ಆ ಮನುಷ್ಯನಿಗೆ. ನಡೆದದ್ದು ನಾನು, ಸವೆದದ್ದು ನನ್ನ ಮೊಣಕಾಲು.’ ಅಜ್ಜಿ ಶಾಲನ್ನು ಮಡಿಚಿದಳು. ‘ಈಗ ತಂಗಿ ಮನೆವರೆಗೂ ನಡೆಯೋಕೆ ನನ್ನ ಕೈಲಾಗಲ್ಲ ಬಿಡು.’

ಶಾಲು ಗೂಡಿನೊಳಗೆ ಹೋಯಿತು, ಪೆಟ್ಟಿಗೆಯೊಳಗಲ್ಲ. ಅವಳ ಕೋಪ ಇಳಿದಿರಲಿಲ್ಲ. ನನ್ನ ಕಡೆ ತಿರುಗಿ, ‘ನಿನ್ನ ಜೊತೆ ಇನ್ನೂ ಮಾತು ಬಿಟ್ಟಿದೀನಿ ನಾನು. ಹೋಗು, ಚಹಾ ಮಾಡು’ ಎಂದಳು. ನಾನು ಓಡಿದೆ.

ಮರುದಿನ ಬೆಳಿಗ್ಗೆ ಏಳಕ್ಕೆ ಅವಳು ಚಪ್ಪಲಿ ಮೆಟ್ಟಿಕೊಂಡು ಬಾಗಿಲಲ್ಲಿ ನಿಂತಿದ್ದಳು. ‘ಬೀಗದಕೈ ಎಲ್ಲಿ?’ ಎಂದಳು. ಕೊಟ್ಟೆ. ಅದನ್ನು ಕೈಚೀಲದ ತಳಕ್ಕೆ, ಕನ್ನಡಕದ ಡಬ್ಬಿ, ಕರವಸ್ತ್ರ, ಔಷಧಿಯ ಪೊಟ್ಟಣ ಎಲ್ಲದರ ಅಡಿಗೆ ತಳ್ಳಿದಳು. ಗೇಟಿನಲ್ಲಿ ಹೊರಗೆ ತೆಗೆದು ಬೀಗ ತೆರೆದು, ಮತ್ತೆ ತಳಕ್ಕೆ ತಳ್ಳಿದಳು. ಕೆಂಪು ಗೊಂಡೆಯ ಒಂದು ಎಳೆಯೂ ಹೊರಗೆ ಕಾಣದಂತೆ ಚೀಲದ ಬಾಯಿ ಎಳೆದುಕೊಂಡಳು.

ಅದೇ ಬೆಂಚು. ಹುಲ್ಲಿನ ಮೇಲೆ ಇಬ್ಬನಿ ಇತ್ತು. ಕತೆ ಹೇಳು ಎನ್ನುವ ಧೈರ್ಯ ನನಗಿರಲಿಲ್ಲ. ಅವಳೇ ಸ್ವಲ್ಪ ಹೊತ್ತಿನ ಮೇಲೆ, ಎದುರಿಗಿದ್ದ ಮರಕ್ಕೆ ಹೇಳುವಂತೆ ಶುರುಮಾಡಿದಳು.

‘ಕಾವಲುಗಾರ ಮೇಕೆನ ಎಳಕೊಂಡು ಬಂದ. ಬಾಗಿಲ ಮುಂದೆ ನಿಲ್ಲಿಸಿದ. ಎಲ್ಲಿಂದ ಬಂದೆ ಅಂತ ಕೇಳಿದ. ಮೇಕೆ ಏನಂತು?’

‘ಮ್ಯಾ ಅಂತು’ ಎಂದೆ, ಪಿಸುದನಿಯಲ್ಲಿ.

‘ಹೂಂ. ಯಾರ ಪೈಕಿ ಅಂತ ಕೇಳಿದ.’

‘ಮ್ಯಾ.’

‘ಕಾವಲುಗಾರ ಅದನ್ನ ಪುಸ್ತಕದಲ್ಲಿ ಬರಕೊಳ್ಳೋಕೆ ಕೂತ...’

ಸೇತುವೆಯಮ್ಮ ಬರುತ್ತಿದ್ದಳು. ಅದೇ ಲೋಟ, ಅದೇ ನಗು. ಮೂರು ವಾರದಿಂದ ಅಜ್ಜಿ ತಾನಾಗಿಯೇ ತೋರಿಸುತ್ತಿದ್ದುದರಿಂದ ಅವಳು ಕೇಳುವುದನ್ನು ಬಿಟ್ಟಿದ್ದಳು. ಇವತ್ತು ಅಜ್ಜಿಯ ಕೈ ಮೇಲೇಳದ್ದನ್ನು ಕಂಡು ಹತ್ತಿರ ಬಂದು ನಿಂತಳು. ‘ಕ್ಷಮಿಸಿ, ಬೀಗದಕೈ ಇದೆಯಾ?’

ನನ್ನ ಕೈ ಅಭ್ಯಾಸಬಲದಿಂದ ಜೇಬಿಗೆ ಹೋಯಿತು. ಅಲ್ಲಿ ಏನೂ ಇರಲಿಲ್ಲ. ಅಜ್ಜಿ ಕತೆಯ ನಡುವಿನಿಂದ ತಲೆಯೆತ್ತಿದಳು. ಮುಖದಲ್ಲಿ ಸಿಟ್ಟಿರಲಿಲ್ಲ.

‘ಇದೆ’ ಎಂದಳು.

ಅಷ್ಟೇ. ಚೀಲ ಮುಟ್ಟಲಿಲ್ಲ. ಸೇತುವೆಯಮ್ಮ ಕಾದಳು. ಅಜ್ಜಿಯೂ ಅವಳನ್ನೇ ನೋಡುತ್ತಾ ಆರಾಮವಾಗಿ ಕೂತಿದ್ದಳು, ಮನೆಯ ಜಗಲಿಯ ಮೇಲೆ ಕೂತವರ ಹಾಗೆ. ಲೋಟದಿಂದ ಹಬೆ ಏಳುತ್ತಿತ್ತು. ಕೊನೆಗೆ ಸೇತುವೆಯಮ್ಮ, ‘ಓ, ಸರಿ, ಸರಿ’ ಎಂದು ಲೋಟವನ್ನು ಒಂದು ಕೈಯಿಂದ ಇನ್ನೊಂದಕ್ಕೆ ಬದಲಿಸಿ, ಬಂದ ದಾರಿಯಲ್ಲೇ ಹೊರಟುಹೋದಳು. ಅಜ್ಜಿ, ‘ಎಲ್ಲಿದ್ದೆ ನಾನು?’ ಎಂದಳು.

‘ಪುಸ್ತಕದಲ್ಲಿ ಬರಕೊಳ್ಳೋಕೆ ಕೂತ.’

‘ಹಾಂ. ಬರಕೊಳ್ಳೋಕೆ ಕೂತ. ಬಗ್ಗಿದ್ದವನು ತಲೆ ಎತ್ತಿ ನೋಡ್ತಾನೆ...’

ಹೆಜ್ಜೆಗಳ ದಬದಬ ಸದ್ದು. ಸಂದುಹಲ್ಲು ತಿರುವಿನಲ್ಲಿ ಕಾಣಿಸಿಕೊಂಡ, ಬೆವರು ಸುರಿಸುತ್ತಾ. ನಮ್ಮ ಬೆಂಚು ಹತ್ತಿರವಾಗುತ್ತಿದ್ದ ಹಾಗೆ, ಯಾರೂ ಕೇಳದೆ, ಮಣಿಕಟ್ಟನ್ನು ಮೇಲೆತ್ತಿ ತನ್ನ ಬೀಗದಕೈ ತೋರಿಸಿದ. ಅದಕ್ಕೂ ಒಂದು ನೂಲು ಕಟ್ಟಿದ್ದ, ನೀಲಿಯದು.

ಅಜ್ಜಿ ಅವನನ್ನು ನೋಡಿದಳು. ನನಗೆ ಇದೇನಾಗುವುದೋ ಎಂದು ಕಸಿವಿಸಿ. ಅಷ್ಟರಲ್ಲಿ ಅವಳು ಚೀಲದ ಬಾಯಿ ಸಡಿಲಿಸಿ ಒಳಗೆ ಕೈ ಹಾಕಿದಳು. ಕನ್ನಡಕದ ಡಬ್ಬಿ ಬಂತು. ಕರವಸ್ತ್ರ ಬಂತು. ಔಷಧಿಯ ಪೊಟ್ಟಣ ನನ್ನ ಮಡಿಲಿಗೆ ಬಿತ್ತು. ‘ತಾಳಪ್ಪ, ತಾಳು’ ಎಂದಳು. ಅವನು ಮುಂದೆ ಓಡಲಿಲ್ಲ, ಇದ್ದಲ್ಲೇ ಕಾಲು ಕುಣಿಸುತ್ತಾ ನಿಂತ.

‘ಅಜ್ಜಿ, ತೋರಿಸ್ಬೇಕು ಅಂತೇನಿಲ್ಲ’ ಎಂದೆ ಮೆಲ್ಲಗೆ.

‘ಗೊತ್ತು ಕಣೇ. ಅವನು ಕೇಳಲಿಲ್ಲ, ತೋರಿಸಿದ.’

ತಳದಿಂದ ಕೆಂಪು ಗೊಂಡೆ ಹೊರಬಂತು. ಅಜ್ಜಿ ಬೆಂಚಿನಿಂದ ಅರ್ಧ ಎದ್ದು ಅದನ್ನು ಎತ್ತಿ ಹಿಡಿದಳು. ಅವನು ಸಂದೆಲ್ಲ ಕಾಣುವಂತೆ ನಕ್ಕು ಓಡಿಹೋದ. ಅಜ್ಜಿ ಕೂತು, ಪೊಟ್ಟಣ, ಕರವಸ್ತ್ರ, ಡಬ್ಬಿ ಒಂದೊಂದಾಗಿ ಚೀಲಕ್ಕೆ ಸೇರಿಸಿದಳು. ಬೀಗದಕೈಯನ್ನು ಮಾತ್ರ ಸ್ವಲ್ಪ ಹೊತ್ತು ಅಂಗೈಯಲ್ಲೇ ಇಟ್ಟುಕೊಂಡಿದ್ದಳು.

‘ತಲೆ ಎತ್ತಿ ನೋಡ್ತಾನೆ’ ಎಂದು ನಾನು ನೆನಪಿಸಿದೆ.

‘ನೋಡ್ತಾನೆ,’ ಎಂದಳು ಅಜ್ಜಿ, ‘ಮೇಕೆ ಬಾಗಿಲನ್ನೇ ತಿನ್ನೋಕೆ ಶುರು ಮಾಡಿತ್ತಂತೆ.’